ತೋಳಿನ ಅಳತೆ

ಬೆಚ್ಚಗಿತ್ತು, ಆ ತಾತನ ಬೆನ್ನು, ಬಿಸಿಲಲ್ಲಿ ನಡೆದು ಬಂದಿದ್ದರೇನೋ, ಟೇಪನ್ನು ಎದೆ ಸುತ್ತಿ ತಂದು ಎರಡು ತುದಿ ಕೂಡಿಸಿ ಹಿಡಿದೆ, ಹಿಡಿದೇ ಇದ್ದೆ, ಒಳಗೆ ಗುಂಡಿಗೆ ಬಡಿದುಕೊಳ್ಳುವುದು ಬೆರಳಿಗೆ ತಿಳಿಯುತ್ತಿತ್ತು, ಏನಪ್ಪಾ, ಅಳತೆ ತಗೋತಿದ್ದೀಯೋ ಅಪ್ಕೊಂಡಿದ್ದೀಯೋ, ಎಂದು ನಕ್ಕರು, ನಾನೂ ನಕ್ಕೆ — ಈ ಊರಿಗೆ ಬಂದು ಹನ್ನೊಂದು ತಿಂಗಳು, ಯಾರ ಮೈಯೂ ತಾಗಿಲ್ಲ, ಬಸ್ಸಿನಲ್ಲಿ ತಾಗಿದ್ದನ್ನು ಲೆಕ್ಕಕ್ಕೆ ಹಿಡಿಯಬಾರದು, ಅಲ್ಲಿ ತಾಗಿದವರು ಕಿಟಕಿ ನೋಡುತ್ತಾರೆ. ಅಳತೆ ತೆಗೆಯುವವರು ಮಾಸ್ಟರು, ನಾನು ಗೋಡೆಗೆ ಮುಖ ಮಾಡಿ ಕೂತು ಕಾಜ ಹೊಲಿದು ಗುಂಡಿ ಹಾಕುವವನು, ಇವತ್ತು ಅವರಿಗೆ ಹಲ್ಲುನೋವು, ಡಾಕ್ಟರ ಹತ್ತಿರ ಹೊರಟರು, ಯಾರಾದ್ರೂ ಬಂದ್ರೆ ನೀನೇ ತೆಗಿ, ಒಂದೂ ಬಿಟ್ಟೀಯ ಜೋಕೆ. ಬಿಟ್ಟೆ. ಕತ್ತು, ಎದೆ, ಸೊಂಟ, ಹೆಗಲು, ಉದ್ದ, ಎಲ್ಲ ಬರೆದೆ, ತೋಳು ಬರೆಯಲಿಲ್ಲ, ಮರೆತದ್ದಲ್ಲ, ಒಂದು ಅಳತೆ ಉಳಿದರೆ ಅವರು ಇನ್ನೊಮ್ಮೆ ಬರಲೇಬೇಕಲ್ಲ, ಅಂಗಿ ಒಯ್ಯೋಕೆ ಸೊಸೆ ಬರ್ತಾಳಪ್ಪ, ಈ ಮೆಟ್ಟಿಲು ನನ್ನ ಮಂಡಿಗಾಗಲ್ಲ, ಎಂದಿದ್ದರು, ಮಂಡಿ ಹಿಡಿದುಕೊಂಡು ಒಂದೊಂದೇ ಇಳಿದರು, ನೋಡುತ್ತ ನಿಂತೆ, ಕರೆದು ನಿಲ್ಲಿಸಬಹುದಿತ್ತು, ನಿಲ್ಲಿಸಲಿಲ್ಲ, ಎಂಥ ಪಾಪಿ ನಾನು. ಅಮ್ಮ ಫೋನಿನಲ್ಲಿ, ಅಲ್ಲಿ ಯಾರಾದ್ರೂ ಜೊತೆಯಾದ್ರೇನೋ ಕಂದ, ಹ್ಞೂಂ ಅಮ್ಮ, ಬೇಕಾದಷ್ಟು ಜನ, ಸುಳ್ಳಿಗೆ ಕಾಜವೂ ಬೇಡ ಗುಂಡಿಯೂ ಬೇಡ. ಸಂಜೆ ಅವರಿಗೆ ಫೋನ್ ಮಾಡಬೇಕು, ತಾತ ಎನ್ನಲೇ, ಸಾರ್ ಎನ್ನಲೇ, ತೋಳೊಂದು ಉಳಿದಿದೆ, ನಾನೇ ಕೆಳಗೆ ಬಂದು ಕೈ ಹಿಡಿದು ಹತ್ತಿಸುತ್ತೇನೆ, ಕುರ್ಚಿ ಒರೆಸಿಡುತ್ತೇನೆ — ಬಾಗಿಲು ಕಿರುಗುಟ್ಟಿತು, ಮಾಸ್ಟರು, ದವಡೆಯಲ್ಲಿ ಹತ್ತಿ, ಚೀಟಿ ಎತ್ತಿ ನೋಡಿದರು, ತೋಳೆಲ್ಲೋ ಮಹಾನುಭಾವ, ನುಂಗಿಬಿಟ್ಯಾ? ನಾಳೆ ಕರೆಸ್ತೀನಿ ಮಾಸ್ಟ್ರೇ, ನಾನೇ ಫೋನ್ ಮಾಡ್ತೀನಿ. ಆ ಮಂಡಿ ಇಟ್ಕೊಂಡು ಮತ್ತೆ ಮೆಟ್ಟಿಲು ಹತ್ತಿಸ್ತೀಯಾ ಅವರನ್ನ, ಇಪ್ಪತ್ತು ವರ್ಷದಿಂದ ಬರೋರು, ಈ ವಯಸ್ಸಲ್ಲಿ ತೋಳೇನು ಬೆಳೆಯುತ್ತೇನೋ, ಎನ್ನುತ್ತ ಹಳೆಯ ಅಳತೆ ಪುಸ್ತಕ ಎಳೆದು, ಬೆರಳಿಗೆ ಎಂಜಲು ಹಚ್ಚಿ ಪುಟ ತಿರುವಿ, ಚೀಟಿಯಲ್ಲಿ ತೋಳಿನ ಖಾಲಿ ಜಾಗದಲ್ಲಿ ಬರೆದೇಬಿಟ್ಟರು, ಇಪ್ಪತ್ಮೂರೂವರೆ. ಅಷ್ಟೇ. ಹೋಗು, ಕಾಜ ನೋಡು. ಗೋಡೆಗೆ ಮುಖ ಮಾಡಿ ಕೂತಿದ್ದೇನೆ, ಟೇಪು ಇನ್ನೂ ನನ್ನ ಕತ್ತಿನಲ್ಲೇ ಇದೆ, ಮಾಸ್ಟರು ಬೆನ್ನು ತಿರುಗಿಸಲಿ, ಈಗ, ನನ್ನದೇ ಎದೆ ಸುತ್ತಿ ತಂದೆ, ಮೂವತ್ತೆರಡು, ಯಾರೂ ಏನಪ್ಪಾ ಎನ್ನುವುದಿಲ್ಲ, ಎರಡು ತುದಿ, ಕೂಡುವಲ್ಲಿ ನನ್ನದೇ ಬೆರಳು, ಎರಡು ತುದಿ —