ಹಗ್ಗ ಬಿಡದ ಊರು

ಊರಿನಲ್ಲಿ ಇರುವುದು ಹನ್ನೊಂದು ಜನ. ಬರುವ ದಾರಿ ಒಂದೇ, ಅದಕ್ಕೆ ಏಳು ತಿರುವು. ಮನೆಗಳಿಗೆ ಹೆಂಚಿಲ್ಲ, ಬೆಟ್ಟದಿಂದಲೇ ಸೀಳಿ ತೆಗೆದ ಕಲ್ಲಿನ ಹಲಗೆಗಳನ್ನು ಮೀನಿನ ಹುರುಪೆಯಂತೆ ಒಂದರ ಮೇಲೊಂದು ಹೊದಿಸಿದ್ದಾರೆ. ನಡುವೆ ಊರಿಗೆಲ್ಲ ಸೇರಿ ಒಂದೇ ರೊಟ್ಟಿಯ ಒಲೆ, ಪಕ್ಕದಲ್ಲಿ ಗಂಟೆಯ ಗೋಪುರ.

ಫ್ರಾನ್ಸಿನ ಆ ಬೆಟ್ಟದೂರನ್ನು ಗುಣವತಿ ಕಣ್ಣಾರೆ ಕಂಡವಳಲ್ಲ. ಆದರೂ ಲಂಡನ್ನಿನ ಕಿಂಗ್ಸ್‌ಬರಿಯ ಫ್ಲಾಟಿನಲ್ಲಿ ಕೂತು ಕಣ್ಣು ಮುಚ್ಚಿದರೆ ಏಳೂ ತಿರುವು ಹತ್ತಿ ಹೋಗಬಲ್ಲಳು. ಹಳೆಯ ಕಟ್ಟಡಗಳ ಅಳತೆ ತೆಗೆಯಲೆಂದು ಆರು ವಾರದಿಂದ ಅಲ್ಲಿರುವ ಮಗಳು ಸಮೀಕ್ಷಾ ದಿನಾ ಸಂಜೆ ಹೇಳಿ ಹೇಳಿ ಅವಳಿಗದು ಬಾಯಿಪಾಠವಾಗಿತ್ತು. ಅಲ್ಲಿ ಮೊಬೈಲ್ ಸಿಗುವುದಿಲ್ಲ. ಮನೆಯೊಡತಿ ಓಡೆಟ್ ಎಂಬ ಮುದುಕಿಯ ಫೋನಿನಿಂದ ಮಾತು.

"ಹನ್ನೊಂದ್ ಜನಕ್ಕೆ ನಕ್ಷೆ ಎಂತಕ್ಕೆ ಮಗಾ? ನಮ್ಮ ಹೋಟ್ಲಿನ ಮೂರ್ ಟೇಬಲ್ಲಿಗೆ ಊರೇ ಹಿಡೀತ್," ಎಂದು ಗಂಡ ವೆಂಕಪ್ಪ ಹಂಗಿಸುತ್ತಿದ್ದ.

"ಅಪ್ಪಾ, ಪ್ಲೀಸ್!"

ಆ ಗಂಟೆ ದೇವರಿಗಲ್ಲವಂತೆ. ಹಿಮಗಾಳಿ ಎದ್ದು ದಾರಿ ಅಳಿಸಿಹೋದಾಗ, ಹೊರಗೆ ಸಿಕ್ಕಿಬಿದ್ದವರು ಸದ್ದಿನ ಜಾಡು ಹಿಡಿದು ಬರಲೆಂದು ಬಾರಿಸುವುದು. ಹೊರಗಿದ್ದವರು ಒಳಗೆ ಬರುವ ತನಕ ಹಗ್ಗ ಬಿಡುವಂತಿಲ್ಲ. ಒಬ್ಬರ ಕೈ ಸೋತರೆ ಇನ್ನೊಬ್ಬರು ಹಿಡಿಯಬೇಕು.

ನಿನ್ನೆ ಸಮೀಕ್ಷಾ ಹೇಳಿದ್ದಳು: "ನಾಳೆ ದಿಣ್ಣೆ ದಾಟಿ ಆಚೆ ಊರಿನ ಗಂಟೆ ಅಳೆಯೋಕೆ ಹೋಗ್ತೀನಿ. ನಾಲ್ಕಕ್ಕೆ ವಾಪಸ್."

ಈಗ ಲಂಡನ್ನಿನಲ್ಲೇ ನಾಲ್ಕೂವರೆ, ಅಲ್ಲಿ ಐದೂವರೆ. ಫೋನು ಬಂತು. ಮಾತಾಡಿದವಳು ಓಡೆಟ್. ಫ್ರೆಂಚಿನ ಆ ಪ್ರವಾಹದಲ್ಲಿ ಗುಣವತಿಗೆ ತಿಳಿದದ್ದು ಮಗಳ ಹೆಸರೊಂದೇ. ಆದರೆ ಮುದುಕಿಯ ಉಸಿರಿನಲ್ಲಿದ್ದ ಗಾಬರಿಗೆ ಅನುವಾದ ಬೇಕಿರಲಿಲ್ಲ. ಆಮೇಲೆ ರಿಸೀವರನ್ನು ಮರದ ಮೇಲಿಟ್ಟ ಸದ್ದು, ಬಾಗಿಲು, ಗಾಳಿ. ಅದರ ಹಿಂದೆ, ದೂರದಿಂದ: ಡಣ್... ಡಣ್...

ಗುಣವತಿ ಸ್ಪೀಕರ್ ಒತ್ತಿ, ಕಿಟಕಿಯ ಬುಡದಲ್ಲಿ ನೆಲಕ್ಕೇ ಕೂತುಬಿಟ್ಟಳು.

ಹೋಟೆಲಿನಿಂದ ಬಂದ ವೆಂಕಪ್ಪ ಜಾಕೆಟ್ಟನ್ನೂ ತೆಗೆಯಲಿಲ್ಲ. "ಎಂತ ಆಯ್ತ್?"

"ಹೆಣ್ಣ್ ಇನ್ನೂ ಬರ್ಲಿಲ್ಲ. ಗಂಟೆ ಬಾರಿಸ್ತಿದ್ರ್, ಕೇಣಿ."

"ಕೇಂಡ್ಕಂಡ್ ಕೂಕಂಡ್ರೆ ಬತ್ಳಾ? ಕಟ್ ಮಾಡಿ ತಿರ್ಗಿ ಮಾಡ್. ಇಂಗ್ಲಿಷ್ ಬಪ್ಪೋರ್ ಯಾರಾರೂ ಸಿಕ್ತ್ರ್." ಅವನು ಕೈ ಚಾಚಿದ.

ಅವಳು ಫೋನನ್ನು ಎದೆಗೆ ಒತ್ತಿಕೊಂಡಳು. ಕುಂದಾಪುರದ ಮನೆಯ ಚಾವಡಿಯಲ್ಲಿ ಅಜ್ಜಯ್ಯ ಕಾವ್ಯ ಓದುತ್ತಿದ್ದಾಗ ಒಂದು ಕಟ್ಟಳೆಯಿತ್ತು. ಕಥೆಯಲ್ಲಿ ಯಾರಾದರೂ ಕಷ್ಟದಲ್ಲಿ ಸಿಕ್ಕಿಕೊಂಡಿದ್ದರೆ, ಅವರು ಪಾರಾಗುವ ಪದ್ಯ ಬರುವವರೆಗೆ ಕೇಳುವವರು ಏಳುವಂತಿಲ್ಲ. ಎದ್ದರೆ ಅವರನ್ನು ಅಲ್ಲೇ ಬಿಟ್ಟು ಬಂದ ಹಾಗೆ. ಏಳು ವರ್ಷದ ಗುಣವತಿ ಒಮ್ಮೆ ಒಂದಕ್ಕೆ ಅವಸರವಾದರೂ ಹಲ್ಲು ಕಚ್ಚಿ ಕೂತಿದ್ದಳು.

"ಕಟ್ ಮಾಡೂದಿಲ್ಲೆ," ಎಂದಳು. "ಬ್ಯಾಟರಿ ಒಂಬತ್ತೇ ಪರ್ಸೆಂಟ್ ಇತ್ತ್. ಚಾರ್ಜರ್ ತನ್ನಿ."

"ಎದ್ದ್ ತಕಣ್ಕಾತಿಲ್ಯಾ?"

"ನಾ ಏಳೂಕಿಲ್ಲೆ."

ವೆಂಕಪ್ಪ ಅವಳ ಮುಖ ನೋಡಿದ. ರೂಮಿಗೆ ಹೋಗಿ ಚಾರ್ಜರ್ ತಂದು, ಮೊಣಕಾಲೂರಿ ಚುಚ್ಚಿದ. ತಾನೂ ಅಲ್ಲೇ ಕೂತ.

ಹೊರಗೆ ಬಸ್ಸೊಂದು ಉಸ್ಸೆಂದು ನಿಂತು ಹೋಯಿತು. ಗಂಟೆ ನಡುನಡುವೆ ತಪ್ಪುತ್ತಿತ್ತು. ಗುಣವತಿಯ ಬೆರಳು ತೊಡೆಯ ಮೇಲೆ ತಾಳ ಎಣಿಸುತ್ತಿತ್ತು. ಹಗ್ಗ ಕೈ ಬದಲಾಗಲು ಮೂರೆಣಿಕೆ. ಈಗ ಹಿಡಿದವರು ಗಟ್ಟಿಗರು. ಈಗ ಮುದುಕಿಯೇ ಇರಬೇಕು, ಪೆಟ್ಟು ಮೆತ್ತಗೆ. ಹನ್ನೊಂದು ಜನರಲ್ಲಿ ಆರು ಮಂದಿ ಎಪ್ಪತ್ತು ದಾಟಿದವರು ಎಂದು ಮಗಳೇ ಹೇಳಿದ್ದಳಲ್ಲ. ಎಷ್ಟು ಹೊತ್ತು ಎಳೆದಾರು, ದೇವರೇ?

ಡಣ್...

ಮೂರು. ನಾಲ್ಕು. ಐದು.

"ನಿಂತ್ಕಂಡ್ತಲ್ಲೇ!" ವೆಂಕಪ್ಪ ಫೋನಿನತ್ತ ಬಾಗಿದ.

ಅವಳು ಕೈ ಎತ್ತಿ ತಡೆದಳು. ಒಳಗೆ ಬಂದರೂ ಗಂಟೆ ನಿಲ್ಲುತ್ತದೆ. ಕೈ ಸೋತರೂ ನಿಲ್ಲುತ್ತದೆ. ಹನ್ನೆರಡು. ಹದಿಮೂರು. ಎಣಿಕೆ ಬಿಡಲಿಲ್ಲ. ಇಪ್ಪತ್ತು ದಾಟಿತು, ನಲವತ್ತು ದಾಟಿತು. ಗಾಳಿ ಮಾತ್ರ ಶಿಳ್ಳೆ ಹಾಕುತ್ತಿತ್ತು.

ಬಾಗಿಲು ದಢಾರನೆ ತೆರೆಯಿತು. ಬೂಟು ಕೊಡವಿದ ಸದ್ದು, ನಾಲ್ಕಾರು ದನಿಗಳು ಒಟ್ಟಿಗೆ. ನಡುವೆ ಒಂದು ಕೆಮ್ಮು. ಹೆತ್ತವಳಿಗೆ ಅದು ಸಾಕಾಗಿತ್ತು.

ಯಾರೋ ರಿಸೀವರ್ ಎತ್ತಿಕೊಂಡರು. "ಅಮ್ಮಾ?" ಹಲ್ಲುಗಳು ಕಟಕಟಿಸುತ್ತಿದ್ದವು. "ಯು ಆರ್ ಸ್ಟಿಲ್ ದೇರ್?"

"ಇಲ್ಲೇ ಇದ್ದೆ ಮಗಾ," ಎಂದಳು ಗುಣವತಿ. ವೆಂಕಪ್ಪ ಜಾಕೆಟ್ಟಿನ ತೋಳಿನಲ್ಲಿ ಮುಖ ಒರೆಸಿಕೊಳ್ಳುತ್ತಿದ್ದ. ಫೋನನ್ನು ಅವನ ಕೈಗೆ ಕೊಟ್ಟು, ಜೋಮು ಹಿಡಿದ ಕಾಲಿಗೆ ಗೋಡೆಯ ಆಸರೆ ಕೊಟ್ಟು, ಆಗ ಅವಳು ಎದ್ದಳು.