ಸುಟ್ಟ ಪೇಟೆಯ ಚಿತ್ರ

"ಅಲ್ಲೇ ನಿಲ್ಲಿಸಪ್ಪ, ಅವನು ನನ್ನ ಮಗ," ಎಂದು ಅಪೊಲೋನಿಯಾ ಬೆಂಚಿನಿಂದ ಎದ್ದುಬಿಟ್ಟಳು.

ಊರೂರಿಗೆ ಚಲಿಸುವ ಚಿತ್ರ ಹೊತ್ತು ತಿರುಗುವ ಲುಡ್ವಿಗ್ ಯಂತ್ರದ ಹಿಡಿ ತಿರುಗಿಸುತ್ತಲೇ ಇದ್ದ. "ನಿಲ್ಲಿಸಿದ್ರೆ ದೀಪದ ಕಾವಿಗೆ ಚಿತ್ರದ ಸುರುಳಿ ಹೊತ್ಕೊಳ್ಳುತ್ತೆ ತಾಯಿ. ನಿಮ್ಮ ಮಗನೂ ಉಳಿಯಲ್ಲ, ಈ ಚರ್ಚೂ ಉಳಿಯಲ್ಲ."

ಅಷ್ಟರಲ್ಲಿ ಕಾಜಿಮಿರ್ ಇಟ್ಟಿಗೆ ಗಾಡಿ ತಳ್ಳಿಕೊಂಡು ಪರದೆ ದಾಟಿ ಹೋಗಿದ್ದ.

ಫೆಬ್ರವರಿಯಲ್ಲಿ ಬಾಲ್ಟಿಮೋರ್ ಪೇಟೆ ಉರಿದು ಬೂದಿಯಾದಾಗ ನಮ್ಮ ಪೋಲಿಷ್ ಕೇರಿಯ ಗಂಡಸರೆಲ್ಲ ಇಟ್ಟಿಗೆ ಹೊರಲು ಹೋಗಿದ್ದರು. ಕಾಜಿಮಿರನೂ ಹೋದ; ಈ ಚಿತ್ರ ತೆಗೆದದ್ದು ಆಗಲೇ. ಹಿಮದಲ್ಲಿ ನೆನೆದು, ಎದೆಯಲ್ಲಿ ಕಫ ಕಟ್ಟಿ, ಈಸ್ಟರಿಗೆ ಮೊದಲೇ ತೀರಿಕೊಂಡ. ಅವನದೊಂದು ಫೋಟೋ ಕೂಡ ಇರಲಿಲ್ಲ. "ಒಳ್ಳೆ ಕೋಟು ಹೊಲಿಸ್ಕೋತೀನಿ, ಆಮೇಲೆ ತೆಗೆಸೋಣಮ್ಮ" ಎಂದು ಮುಂದೆ ಹಾಕುತ್ತಲೇ ಬಂದಿದ್ದ. ಕೋಟು ಹೊಲಿಸಿದ್ದು ಹೂಳುವಾಗ. ಬೇಸಿಗೆ ಬರುವಷ್ಟರಲ್ಲಿ ತಾಯಿಗೆ ಮಗನ ಮುಖವೇ ಮಸುಕಾಗತೊಡಗಿತ್ತು. ಅದನ್ನು ಪಕ್ಕದ ಮನೆಯ ಫ್ರಾನ್ಸಿಷ್ಕಾಳ ಹತ್ತಿರ ಹೇಳಿಕೊಂಡು ಅತ್ತಿದ್ದಳು.

"ಇನ್ನೊಂದ್ಸಲ ತೋರಿಸಪ್ಪ. ನಾಳೆ ನೀನು ಊರು ಬಿಡ್ತೀಯಂತೆ."

"ಇಗೋ, ಹಿಂದಕ್ಕೆ ತಿರುಗಿಸ್ತೀನಿ, ನೋಡ್ತಿರಿ."

ಕಾಜಿಮಿರ್ ಪರದೆಗೆ ಮರಳಿದ. ಆದರೆ ಹಿಮ್ಮುಖವಾಗಿ ನಡೆಯುತ್ತ, ಗಾಡಿಯನ್ನೂ ಎಳೆದುಕೊಂಡು, ಬಂದ ದಾರಿಯಲ್ಲೇ ಹೊಗೆಯತ್ತ ಹೊರಟ. ಜನ ಗೊಳ್ಳೆಂದು ನಕ್ಕರು. ಅಪೊಲೋನಿಯಾ ಕಣ್ಣು ಮುಚ್ಚಿಕೊಂಡಳು.

"ಬೇಡಪ್ಪ, ಹೊಗೆಯೊಳಕ್ಕೆ ಕಳಿಸ್ಬೇಡ. ಹೊರಗೆ ಬರೋದನ್ನ ತೋರಿಸು."

ಲುಡ್ವಿಗ್ ದೀಪ ಮುಚ್ಚಿ ಕತ್ತಲಲ್ಲೇ ಸುರುಳಿಯನ್ನು ಕೈಯಿಂದ ಹಿಂದಕ್ಕೆ ಸುತ್ತತೊಡಗಿದ. ಬೇರೆಯವರಾಗಿದ್ದರೆ ಗದರಿಸಿ ಕೂರಿಸುತ್ತಿದ್ದರು; ಅವನು ಪುಣ್ಯವಂತ.

"ಕುದುರೆ ಚಿತ್ರ ಯಾವಾಗ ಹಾಕೋದು?" ಹಿಂದಿನಿಂದ ಸ್ಟಾನಿಸ್ಲಾವ್ ಗೊಣಗಿದ.

"ಕುದುರೆ ಎಲ್ಲೂ ಓಡಿ ಹೋಗಲ್ಲ, ಸುಮ್ನೆ ಕೂತ್ಕೊಳೋ," ಎಂದಳು ಫ್ರಾನ್ಸಿಷ್ಕಾ.

ಮತ್ತೆ ಬೆಳಕು ಬಂತು. ಲುಡ್ವಿಗ್ ಹಿಡಿಯನ್ನು ಎಷ್ಟು ನಿಧಾನ ತಿರುಗಿಸಿದನೆಂದರೆ, ಸುರುಳಿ ಕಾದ ವಾಸನೆ ಮುಂದಿನ ಬೆಂಚಿನವರೆಗೂ ಹಬ್ಬಿತು. ಕುಸಿದ ಗೋಡೆಗಳ ನಡುವಿನ ಹೊಗೆಯಿಂದ ಮೊದಲು ಗಾಡಿ ಬಂತು, ಹಿಂದೆ ಕಾಜಿಮಿರ್. ಕೆನ್ನೆಯೆಲ್ಲ ಮಸಿ. ಎಡ ಹುಬ್ಬಿನ ಮೇಲೆ ಚಿಕ್ಕಂದಿನಲ್ಲಿ ಬಿದ್ದ ಗಾಯದ ಗುರುತು. ಯಾರೋ ತನ್ನನ್ನೇ ನೋಡುತ್ತಿದ್ದಾರೆಂದು ತಿಳಿದು ನಾಚಿಕೊಂಡು ನಕ್ಕ.

"ನಿನ್ನ ಹೊಟ್ಟೆ ತಣ್ಣಗಿರಲಪ್ಪ," ಎಂದಳು ಅಪೊಲೋನಿಯಾ, ಲುಡ್ವಿಗ್‌ನ ಕಡೆ ತಿರುಗದೆಯೇ. ಆಮೇಲೆ ಪರದೆಯತ್ತ ಒಂದು ಹೆಜ್ಜೆಯಿಟ್ಟು, ಮನೆ ಬಾಗಿಲಲ್ಲಿ ನಿಂತವಳ ಹಾಗೆ ಹೇಳಿದಳು:

"ಮೆಲ್ಲಗೆ ಬಾರೋ, ಅವಸರ ಏನಿಲ್ಲ."