ಹೊಲಿದವರೇ ಬಿಚ್ಚಲಿ

ನಮ್ಮಕ್ಕನಂಥ ಹಟಮಾರಿ ದರ್ಜಿ ಇನ್ನೊಬ್ಬಳಿಲ್ಲ. ಅಂಗಡಿಯಲ್ಲಿ ಬಟ್ಟೆ ಕತ್ತರಿಸುವುದು ನಾನು, ಹೊಲಿಯುವುದು ಅವಳು. ಬೇರೆ ಕಡೆ ಹೊಲಿಸಿದ ಕೋಟನ್ನು ಯಾರಾದರೂ ಸಡಿಲ ಮಾಡಿಸಲು ತಂದರೆ ಮುಟ್ಟುವುದೇ ಇಲ್ಲ. ಹೊಲಿದವರೇ ಬಿಚ್ಚಲಿ, ಒಳಗೆ ಏನು ಮಡಚಿಟ್ಟಿದ್ದಾರೋ ಅವರಿಗೇ ಗೊತ್ತು ಎಂದು ವಾಪಸ್ ಕಳಿಸುತ್ತಾಳೆ. ಬಂದ ಗಿರಾಕಿಯನ್ನು ಹೀಗೆ ಓಡಿಸುತ್ತೀಯಲ್ಲ ಎಂದು ನಾನು ಎಷ್ಟು ಸಲ ಜಗಳ ಆಡಿದ್ದೇನೋ! ಗೋಡೆಗೆ ಹೇಳಿದ ಹಾಗೆ. ತಾನು ಹೊಲಿದದ್ದರಲ್ಲಿ ಮಾತ್ರ ನೂಲಿನ ತುದಿ ಒಂದು ಎದ್ದರೂ ಸಹಿಸಳು, ಹಲ್ಲಿನಿಂದ ಕಡಿದೇ ಬಿಡುತ್ತಾಳೆ.

ಹೋದ ವರ್ಷ ಅವಳ ಬಲಗಣ್ಣಿನ ಕಾರ್ನಿಯಾಕ್ಕೆ, ಅಂದರೆ ಕರಿಗುಡ್ಡೆಯ ಮುಂದಿರುವ ಗಾಜಿನಂಥ ಪದರಕ್ಕೆ, ಸೋಂಕು ತಗಲಿ ಹುಣ್ಣಾಯಿತು. ಹುಣ್ಣು ಮಾಯಿತು, ಬಿಳಿ ಕಲೆ ಉಳಿಯಿತು. ಎಡಗಣ್ಣು ಚಿಕ್ಕಂದಿನಿಂದಲೂ ಮಂದ. ಸೂಜಿಯ ಮಾತಿರಲಿ, ನನ್ನ ಮುಖವೇ ಅವಳಿಗೆ ಮಸುಕಾಯಿತು. ಕೊನೆಗೆ ತೀರಿಕೊಂಡ ಯಾರೋ ಪುಣ್ಯಾತ್ಮರ ಕಾರ್ನಿಯಾವನ್ನು ಕಣ್ಣಿನ ಡಾಕ್ಟರಮ್ಮ ಕೂದಲಿಗಿಂತ ಸಣ್ಣ ದಾರದಲ್ಲಿ ಸುತ್ತಲೂ ಹೊಲಿದು ಕೂರಿಸಿದರು. ಕಣ್ಣು ಕಾಣುತ್ತದೋ ಇಲ್ಲವೋ ಎಂದು ನಾನು ಬೆವರುತ್ತಿದ್ದರೆ, ಇವಳು ಗಂಟುಗಳನ್ನು ಎಲ್ಲಿ ಅಡಗಿಸಿದಿರಿ ಎಂದು ಕೇಳಿದಳು. ರೆಪ್ಪೆಗೆ ಚುಚ್ಚಬಾರದೆಂದು ಒಳಕ್ಕೆ ತಿರುಗಿಸಿದ್ದೇವೆ ಎಂದರು ಡಾಕ್ಟರಮ್ಮ. ಆ ಕೈಚಳಕಕ್ಕೆ ಅಕ್ಕ ಸೋತುಹೋದಳು. ಮನೆಗೆ ಬಂದವರಿಗೆಲ್ಲ ಆ ಗಂಟುಗಳದೇ ಗುಣಗಾನ.

ನೋಟ ನಿಧಾನವಾಗಿ ತಿಳಿಯಾಗುತ್ತಿತ್ತು. ಅಷ್ಟರಲ್ಲಿ ಒಂದು ಬೆಳಿಗ್ಗೆ ಗ್ರಹಚಾರ ವಕ್ಕರಿಸಿತು. ನಾನು ಅಂಗಡಿಗೆ ಬಂದಾಗ ಅಕ್ಕ ಕನ್ನಡಿಯ ಮುಂದೆ ಕೂತಿದ್ದಳು. ಕಣ್ಣು ಕೆಂಡದ ಹಾಗೆ ಕೆಂಪು, ನೀರು ಸುರಿಯುತ್ತಿದೆ. ಕೈಯಲ್ಲಿ ನೂಲು ಕೀಳುವ ಚಿಮಟ. ಹೊಲಿಗೆಯೊಂದು ಸಡಿಲವಾಗಿ ತುದಿ ಎದ್ದಿದೆ, ರೆಪ್ಪೆ ಬಡಿದಾಗಲೆಲ್ಲ ಕೆರೆಯುತ್ತಿದೆ ಎಂದಳು.

ಕೈ ಹಾಕಿದರೆ ಸೋಂಕು ಒಳಗಿಳಿದು ಕಣ್ಣೇ ಹೋದೀತು ಎಂದು ಡಾಕ್ಟರಮ್ಮ ಮೊದಲೇ ಎಚ್ಚರಿಸಿದ್ದರು. ಕಿರುಚಿದರೆ ಅವಳ ಕೈ ಅಲುಗೀತೆಂದು ಉಸಿರು ಬಿಗಿಹಿಡಿದು ನಿಂತೆ. ಅಕ್ಕ ಚಿಮಟವನ್ನು ಕಣ್ಣಿನ ತನಕ ತಂದಳು. ಅಲ್ಲೇ ತಡೆದಳು. ಆಮೇಲೆ ಅದನ್ನು ನನ್ನ ಕೈಗಿಟ್ಟಳು.

"ತಗೊಂಡು ಒಳಗಿಡು. ಹೊಲಿದವರೇ ಬಿಚ್ಚಲಿ. ಒಳಗೆ ಏನು ಮಡಚಿಟ್ಟಿದಾರೋ ನಂಗೇನು ಗೊತ್ತು?"

ಆಸ್ಪತ್ರೆಗೆ ಹೊರಟ ಬಸ್ಸಿನಲ್ಲಿ ದಾರಿಯುದ್ದಕ್ಕೂ ಎರಡೂ ಕೈಗಳನ್ನು ತೊಡೆಯ ಕೆಳಗೆ ಅದುಮಿಟ್ಟುಕೊಂಡು, ಹಲ್ಲು ಕಚ್ಚಿ ಕೂತಿದ್ದಳು. ಆ ಹಟಕ್ಕೆ ನಾನು ಅವತ್ತು ಮನಸ್ಸಿನಲ್ಲೇ ಕೈಮುಗಿದೆ.

ಡಾಕ್ಟರಮ್ಮ ಕಣ್ಣನ್ನು ಮರಗಟ್ಟಿಸುವ ಹನಿ ಹಾಕಿ, ದೀಪದ ಯಂತ್ರದ ಮೇಲೆ ಗದ್ದ ಇಡಿಸಿ, ಆ ಎಳೆಯನ್ನು ನವಿರಾಗಿ ತೆಗೆದರು. ಸೋಂಕು ಈಗಷ್ಟೇ ತಲೆ ಎತ್ತುತ್ತಿದೆ, ಔಷಧಿಗೆ ಬಗ್ಗುತ್ತದೆ, ನೀವು ಮುಟ್ಟದೆ ಬಂದದ್ದರಿಂದ ಕಣ್ಣು ಉಳಿಯಿತು ಎಂದು ಮೆಚ್ಚಿಕೊಂಡರು. ಅಕ್ಕನಿಗೆ ನಾಚಿಕೆಯಾಯಿತು.

"ಬಟ್ಟೆ ಯಾರದೋ, ಹೊಲಿಗೆ ನಿಮ್ದು. ನಾನು ತೊಟ್ಕೊಂಡಿದೀನಿ ಅಷ್ಟೇ. ಹಾಳು ಮಾಡೋಕೆ ನಂಗೇನು ಹಕ್ಕಿದೆ, ಡಾಕ್ಟ್ರೇ?"

ಕೆಂಪೆಲ್ಲ ಇಳಿದು ಅಕ್ಕ ಮತ್ತೆ ಮಿಷನ್ ಮುಂದೆ ಕೂತಳು. ಒಂದು ಮಧ್ಯಾಹ್ನ ಒಬ್ಬರು ಬೇರೆ ಕಡೆ ಹೊಲಿಸಿದ ಕೋಟು ಹಿಡಿದು ಬಂದರು. ಅವಳು ಬಾಯಿ ತೆರೆಯುವ ಮೊದಲೇ, ಹೊಲಿದವರ ಹತ್ತಿರವೇ ಹೋಗಿ ಎಂದು ನಾನೇ ಕಳಿಸಿಬಿಟ್ಟೆ. ಅಕ್ಕ ಮಿಷನ್ ನಿಲ್ಲಿಸಿ ನನ್ನನ್ನೇ ನೋಡಿದಳು. ನೋಡುತ್ತಲೇ ಇದ್ದಳು.

"ಕಿವಿ ಹತ್ರ ಕೂದಲು ಬೆಳ್ಳಗಾಗಿದೆಯಲ್ಲೇ ನಿಂದು! ಯಾವಾಗಿಂದ?"

ಬಿಳಿಕೂದಲಿಗೆ ಅಷ್ಟು ಸಂತೋಷಪಟ್ಟವಳು ನಾನೊಬ್ಬಳೇ ಇರಬೇಕು. ಕತ್ತರಿ ಕೆಳಗಿಟ್ಟು ಗಳಗಳ ಅತ್ತೆ.